ತನ್ನ ಕಾದಂಬರಿಗೆ ತಾನೇ ಕತ್ತರಿ

ಬರೆದವನೇ ತನ್ನ ಕಾದಂಬರಿಯನ್ನು ತೆರೆಗೆ ತರುವುದು ಕಷ್ಟದ ಕೆಲಸ. ಪ್ರತಿ ಸಾಲಿನ ಮೇಲೂ ಮಮಕಾರ ಇರುತ್ತದೆ, ಯಾವುದನ್ನು ಬಿಡುವುದು? ಪಿ. ಲಂಕೇಶರು ಆ ಮಮಕಾರ ದಾಟಿದ್ದು ‘ಪಲ್ಲವಿ’ ಚಿತ್ರದಲ್ಲಿ. ಇದಕ್ಕೆ ಮೂಲ ಅವರದೇ ನವ್ಯ ಕಾದಂಬರಿ ‘ಬಿರುಕು’. 1970ರ ‘ಸಂಸ್ಕಾರ’ ಚಿತ್ರದಲ್ಲಿ ನಾರಣಪ್ಪನಾಗಿ ಕ್ಯಾಮೆರಾ ಎದುರು ನಿಂತಿದ್ದವರು, 1976ರಲ್ಲಿ ಅದರ ಹಿಂದೆ ನಿಂತರು.

ನನಗೆ ದೊಡ್ಡದೆನಿಸುವುದು ಅವರು ಕಥೆ ಹೇಳಿಸಲು ಆರಿಸಿಕೊಂಡ ಕಣ್ಣು. ಸಿನಿಮಾ ಸಾಗುವುದು ನಾಯಕಿಯ ದೃಷ್ಟಿಯಲ್ಲಿ. ಕೆಲಸ ಸಿಗದ ಗೆಳೆಯ, ನೌಕರಿ, ಮದುವೆ ಎಲ್ಲವೂ ಅವಳು ಕಂಡಂತೆ, ಅವಳು ತೂಗಿದಂತೆ. ಮುಖ್ಯ ಪಾತ್ರಗಳನ್ನು ವಿಮಲಾ ನಾಯ್ಡು ಮತ್ತು ಟಿ.ಎನ್. ಸೀತಾರಾಮ್ ಅಬ್ಬರವಿಲ್ಲದೆ ನಿಭಾಯಿಸಿದ್ದಾರೆ. ಇದು ಪುಟದಿಂದ ತೆರೆಗೆ ಮಾಡಿದ ನಕಲಲ್ಲ. ಲೇಖಕ ತನ್ನ ಕೃತಿಯನ್ನು ಇನ್ನೊಮ್ಮೆ, ಬೇರೆಯೇ ಜಾಗದಲ್ಲಿ ಕೂತು ಓದಿದ್ದು. ಅಂಥ ಧೈರ್ಯ ನಮ್ಮ ಲೇಖಕರಲ್ಲಿ ಅಪರೂಪ. ಮೊದಲ ಚಿತ್ರಕ್ಕೇ ಅವರಿಗೆ ರಾಷ್ಟ್ರೀಯ ಶ್ರೇಷ್ಠ ನಿರ್ದೇಶಕ ಪ್ರಶಸ್ತಿ ಬಂತು.

ಜಳಕೋಟ, ಉದಗೀರ, ನಿಲಂಗಾ ಸೀಮೆಯಲ್ಲಿ ಮನೆಯೊಳಗೆ ಕನ್ನಡ, ಪೇಟೆಯಲ್ಲಿ ಮರಾಠಿ ಆಡುವ ಬಂಧುಗಳೇ, ‘ಬಿರುಕು’ ಓದಿ, ಆಮೇಲೆ ‘ಪಲ್ಲವಿ’ ನೋಡಿ. ನಿಮ್ಮ ಮಕ್ಕಳನ್ನೂ ಜೊತೆಗೆ ಕೂಡಿಸಿಕೊಳ್ಳಿ.