ಆಹಾರ್ಯಾಭಿನಯವೂ ಬನ್ಸಿ ಚಂದ್ರಗುಪ್ತರ ಕಲಾನಿರ್ದೇಶನವೂ

ಆಂಗಿಕ, ವಾಚಿಕ, ಆಹಾರ್ಯ, ಸಾತ್ತ್ವಿಕಗಳೆಂಬ ನಾಲ್ಕು ಅಭಿನಯಗಳಲ್ಲಿ ಆಹಾರ್ಯವು ನಟನ ಶರೀರಕ್ಕೆ ಹೊರಗಿನದಾದುದರಿಂದ ಅದನ್ನು ಕನಿಷ್ಠವೆಂದೆಣಿಸುವ ವಾಡಿಕೆಯು ವಿದ್ವಾಂಸರಲ್ಲಿ ಉಂಟು. ಆದರೆ ಭರತಮುನಿಯು ಆಹಾರ್ಯಾಧ್ಯಾಯದ ಆರಂಭದಲ್ಲಿಯೇ ಪ್ರಯೋಗವೆಲ್ಲವೂ ಇದನ್ನೇ ಆಶ್ರಯಿಸಿ ನಿಂತಿರುವುದೆಂದು ಹೇಳಿರುವನು. ಈ ಮಾತು ಬರಿಯ ಪ್ರಶಂಸೆಯೋ ಯಥಾರ್ಥವೋ ಎಂಬ ಸಂದೇಹವನ್ನು ಪರಿಹರಿಸುವುದಕ್ಕೆ ಚಲಚ್ಚಿತ್ರದ ಕಲಾನಿರ್ದೇಶಕರಾದ ಬನ್ಸಿ ಚಂದ್ರಗುಪ್ತರ ಕೃತಿಗಳು ಉತ್ತಮ ನಿದರ್ಶನಗಳಾಗಿವೆ.

1924ರಲ್ಲಿ ಸಿಯಾಲಕೋಟೆಯಲ್ಲಿ ಹುಟ್ಟಿ ಕಾಶ್ಮೀರದಲ್ಲಿ ಬೆಳೆದ ಇವರು ಚಿತ್ರಕಾರರಾಗುವ ಬಯಕೆಯಿಂದ ಕಲಕತ್ತೆಗೆ ಬಂದರು. 1947ರಲ್ಲಿ ಅಲ್ಲಿ ಸ್ಥಾಪಿತವಾದ ಫಿಲ್ಮ್ ಸೊಸೈಟಿಯಲ್ಲಿ ಸತ್ಯಜಿತ್ ರಾಯ್ ಅವರ ಸಹಚರರಾದರು. ಫ್ರಾನ್ಸಿನ ಝಾನ್ ರೆನ್ವಾರ್ ಅವರು 'ದಿ ರಿವರ್' ಚಿತ್ರವನ್ನು ವಂಗದೇಶದಲ್ಲಿ ತೆಗೆದಾಗ ಕಲಾನಿರ್ದೇಶಕ ಯೂಜೀನ್ ಲೂರಿಯೆ ಅವರಿಗೆ ಸಹಾಯಕರಾಗಿ ದುಡಿದರು. ಆ ಬಳಿಕ, ದೊಡ್ಡ ಕಂಪೆನಿಗಳ ಆಶ್ರಯವಿಲ್ಲದೆ, ಹಣದ ಅಭಾವದಿಂದ ಹಲವು ಬಾರಿ ನಿಂತು ನಿಂತು ಸಾಗಿ 1955ರಲ್ಲಿ ತೆರೆಕಂಡ 'ಪಥೇರ್ ಪಾಂಚಾಲಿ'ಗೆ ಕಲಾನಿರ್ದೇಶಕರಾದರು. ಹಗಲಿನ ದೃಶ್ಯಗಳಿಗೆ ಬೋರಾಲ್ ಗ್ರಾಮದ ಜೀರ್ಣಗೃಹವೂ ರಾತ್ರಿಯ ಒಳಾಂಗಣಕ್ಕೆ ಸ್ಟುಡಿಯೋದ ಸೆಟ್ಟೂ ಬಳಕೆಯಾಗಿದ್ದರೂ, ಎರಡರ ಸಂಧಿಯು ಪ್ರೇಕ್ಷಕನ ಕಣ್ಣಿಗೆ ಬೀಳುವುದಿಲ್ಲ.

ಭರತನು ನಿರ್ಮಿತವಸ್ತುವನ್ನು 'ಪುಸ್ತ'ವೆಂದು ಕರೆದು ಸಂಧಿಮ, ವ್ಯಾಜಿಮ, ವೇಷ್ಟಿಮವೆಂದು ವಿಭಾಗಿಸಿರುವನು. ಚಂದ್ರಗುಪ್ತರ ಪುಸ್ತವು ಕಣ್ಣಿಗೆ ಒಪ್ಪುವುದಷ್ಟರಿಂದಲೇ ತೃಪ್ತಿಪಡಲಿಲ್ಲ. 'ಅಪರಾಜಿತೋ' (1956) ಚಿತ್ರಕ್ಕಾಗಿ ಕಾಶಿಯ ಮನೆಯೊಂದರ ಒಳಅಂಗಳವನ್ನು ಬಯಲಿನಲ್ಲಿ ಕಟ್ಟಬೇಕೆಂದಿದ್ದ ಅವರು ಮಳೆಯ ಭಯದಿಂದ ಅದನ್ನು ಸ್ಟುಡಿಯೋದೊಳಗೆ ಕಟ್ಟಬೇಕಾಯಿತು. ಆಕಾಶದಿಂದ ಇಳಿದುಬರುವ ನೆರಳಿಲ್ಲದ ಬೆಳಕನ್ನು ಅಲ್ಲಿ ತರಲಾಗದೆಂದು ಛಾಯಾಗ್ರಾಹಕ ಸುಬ್ರತ ಮಿತ್ರರು ವಾದಿಸಿದರು. ರಾಯ್ ಅವರೂ ಚಂದ್ರಗುಪ್ತರೂ ಒಪ್ಪಲಿಲ್ಲ. ಕಡೆಗೆ ಮಿತ್ರರು ಅಂಗಳದ ಮೇಲೆ ಬಿಳಿಯ ಬಟ್ಟೆಯನ್ನು ಹರಡಿ, ದೀಪಗಳ ಬೆಳಕು ಅದಕ್ಕೆ ತಾಗಿ ಪ್ರತಿಫಲಿಸಿ ಕೆಳಗೆ ಬೀಳುವಂತೆ ಮಾಡಿದರು. ಮುಂದೆ ಈ ಕ್ರಮವೇ ಅವರ ಮುಖ್ಯ ಸಾಧನವಾಯಿತು. ಇಲ್ಲಿ ಗೋಡೆಯು ಬೆಳಕನ್ನು ಹಿಂಬಾಲಿಸದೆ ಬೆಳಕೇ ಗೋಡೆಯನ್ನು ಅನುಸರಿಸಿತು. ಪ್ರಯೋಗವು ಆಹಾರ್ಯಾಶ್ರಿತವೆಂಬ ಮುನಿವಾಕ್ಯಕ್ಕೆ ಇದಕ್ಕಿಂತ ಸ್ಪಷ್ಟವಾದ ಉದಾಹರಣೆಯು ದುರ್ಲಭ.

ಇನ್ನು ಒಂದು ಆಕ್ಷೇಪವುಂಟು: ಇದ್ದುದನ್ನು ಇದ್ದಂತೆ ಕಟ್ಟುವುದು ಅನುಕರಣವೇ ಹೊರತು ಕಲೆಯಲ್ಲ. 'ಜಲಸಾಘರ್' (1958) ಇದಕ್ಕೆ ಉತ್ತರ. ನಿಮ್ತೀತಾದ ಅರಮನೆಯು ಚಿತ್ರದ ಜಮೀನ್ದಾರನಿಗೆ ತಕ್ಕ ನಿವಾಸವಾಗಿ ದೊರೆತರೂ ಅಲ್ಲಿನ ಸಂಗೀತಶಾಲೆಯು ಕಥೆಗೆ ಸಾಲದಾಯಿತು; ಆದುದರಿಂದ ಶಾಲೆಯನ್ನು ಸ್ಟುಡಿಯೋದಲ್ಲಿ ಹೊಸದಾಗಿ ರಚಿಸಿದರು. ತೂಗುದೀಪ, ಕನ್ನಡಿ, ಪೂರ್ವಿಕರ ಚಿತ್ರಪಟಗಳು ಅಲ್ಲಿ ಅಲಂಕಾರಗಳಾಗಿ ಉಳಿಯದೆ, ಜಮೀನ್ದಾರನ ಅಹಂಕಾರಕ್ಕೂ ಅವಸಾನಕ್ಕೂ ಉದ್ದೀಪನವಿಭಾವಗಳಾಗಿವೆ. ದೊರೆತ ಸತ್ಯವನ್ನು ಬಿಟ್ಟು ರಸೋಚಿತವಾದ ಸತ್ಯವನ್ನು ನಿರ್ಮಿಸುವುದನ್ನು ಅನುಕರಣವೆಂದು ಕರೆಯಲಾಗದು. 'ಚಾರುಲತಾ' (1964) ಚಿತ್ರದಲ್ಲಿಯೂ ಹಾಗೆಯೇ: ನಾಯಿಕೆಯು ಕಿಟಕಿಯಿಂದ ಕಿಟಕಿಗೆ ಸರಿದು, ಜಾಲರಿಪಲಕಗಳ ಸಂದಿನಲ್ಲಿ ದುರ್ಬೀನು ಹಿಡಿದು ಬೀದಿಯನ್ನು ನೋಡುವಾಗ, ತುಂಬಿದ ಮನೆಯ ಏಕಾಂತವನ್ನು ಮಾತಿಲ್ಲದೆಯೇ ಆ ಕಿಟಕಿಗಳು ಹೇಳುತ್ತವೆ. ಕಾಶ್ಮೀರದ ಕ್ಷೇಮೇಂದ್ರನು ರಸಸಿದ್ಧವಾದ ಕಾವ್ಯಕ್ಕೆ ಔಚಿತ್ಯವೇ ಜೀವಿತವೆಂದನು. ಆ ನಾಡಿನಲ್ಲಿಯೇ ಬೆಳೆದ ಈ ಕಲಾವಿದರ ಮರ, ಗಾರೆ, ಬಟ್ಟೆಗಳ ಕೆಲಸಕ್ಕೂ ಅದೇ ಜೀವಿತವು.

ಇವೆಲ್ಲವೂ ರಾಯ್ ಅವರ ಪ್ರತಿಭೆಯೇ, ಕಲಾನಿರ್ದೇಶಕನು ನಿಮಿತ್ತಮಾತ್ರನೆಂದು ಕೆಲವರು ಹೇಳಬಹುದು. ರಾಯ್ ಅವರು ಸ್ವತಃ ಚಿತ್ರಕಾರರಾಗಿದ್ದು ದೃಶ್ಯಗಳನ್ನು ಗೆರೆಗಳಲ್ಲಿ ಬರೆದುಕೊಳ್ಳುತ್ತಿದ್ದುದರಿಂದ ಈ ವಾದಕ್ಕೆ ಬಲವಿಲ್ಲದಿಲ್ಲ. ಆದರೆ ಇದನ್ನು ಅನ್ವಯವ್ಯತಿರೇಕಗಳಿಂದ ಪರೀಕ್ಷಿಸಬೇಕು. 1981ರಲ್ಲಿ ತೆರೆಕಂಡ ಅಪರ್ಣಾ ಸೇನ್ ಅವರ '36 ಚೌರಂಗಿ ಲೇನ್' ಚಿತ್ರದಲ್ಲಿ ವೃದ್ಧ ಆಂಗ್ಲೋ-ಇಂಡಿಯನ್ ಉಪಾಧ್ಯಾಯಿನಿಯ ವಸತಿಯೂ, ರವೀಂದ್ರ ಧರ್ಮರಾಜರ 'ಚಕ್ರ'ದಲ್ಲಿ ಮುಂಬಯಿಯ ಕೊಳೆಗೇರಿಯೂ ಇವರ ಕೆಲಸವೇ. ಅಲ್ಲಿ ರಾಯ್ ಇಲ್ಲ; ಗುಣವಿದೆ. ನಿರ್ದೇಶಕರು ಬೇರೆ, ಜನವರ್ಗವು ಬೇರೆ, ಬಡತನದ ಬಗೆಯೂ ಬೇರೆ. ಆದರೂ ವಾಸಸ್ಥಾನವು ವಾಸಿಗಳ ಚರಿತ್ರೆಯನ್ನು ಹೇಳುವ ರೀತಿಯು ಒಂದೇ. ಆದುದರಿಂದ ಕೀರ್ತಿಯಲ್ಲಿ ಚಂದ್ರಗುಪ್ತರ ಪಾಲನ್ನು ನಿರಾಕರಿಸುವುದು ನ್ಯಾಯವಲ್ಲ.

ಅದೇ 1981ರಲ್ಲಿ ಅಮೆರಿಕದಲ್ಲಿ ಅವರು ನಿಧನರಾದರು. 'ಚಕ್ರ'ದ ಕಲಾನಿರ್ದೇಶನಕ್ಕೆ ಫಿಲ್ಮ್‌ಫೇರ್ ಪ್ರಶಸ್ತಿಯು ಮರಣಾನಂತರ ಸಂದಿತು. ಅವರ ಕಲೆಯು ಸಫಲವಾದಷ್ಟೂ ಪ್ರೇಕ್ಷಕನು ಅದನ್ನು ಕಲೆಯೆಂದು ಗುರುತಿಸದೆ, ಮನೆಯೆಂದೇ ನಂಬಿ ಮುಂದೆ ಸಾಗುವನು. ನಂಬುವುದು ಪ್ರೇಕ್ಷಕನ ಧರ್ಮ. ಆ ನಂಬಿಕೆಯನ್ನು ಕಟ್ಟಿದವನಾರೆಂದು ವಿಚಾರಿಸುವುದು ವಿಮರ್ಶಕನ ಧರ್ಮ. ಇದನ್ನು ಮರೆತು ರಸವನ್ನು ಚರ್ಚಿಸುವವರು ಭಿತ್ತಿಯನ್ನು ಬಿಟ್ಟು ಚಿತ್ರವನ್ನು ಹೊಗಳಿದವರಾಗುವರು.