ನಿಮಿತ್ತಶಾಸ್ತ್ರ: ಅರಿಯುವುದು ಮತ್ತು ತಪ್ಪಿಸುವುದು

ಯುಗಾದಿಯಂದು ತಿಪಟೂರು ಸೀಮೆಯಲ್ಲಿ ಪಂಚಾಂಗಶ್ರವಣಕ್ಕೆ ಕುಳಿತವರು ಮುಖ್ಯವಾಗಿ ಕೇಳಬಯಸುವುದು ಎರಡೇ ಸಂಗತಿ: ಮಳೆ ಹೇಗೆ, ಕೊಬ್ಬರಿಯ ಧಾರಣೆ ಹೇಗೆ. ವರ್ಷಾವಧಿ ಕಾಯಿಯನ್ನು ಅಟ್ಟದಲ್ಲಿಟ್ಟು ಉಂಡೆಕೊಬ್ಬರಿಗಾಗಿ ಕಾಯುವ ನಾಡಿನಲ್ಲಿ ಮುಂದಾಗುವುದನ್ನು ಅರಿಯುವ ಹಂಬಲ ಸಹಜವೇ. ಒಣಗಿದ ಬಾವಿ, ನುಸಿಯೋಗ ಹಿಡಿದ ತೋಟ ಕಂಡವನಿಗೆ ಅದು ಇನ್ನೂ ಹೆಚ್ಚು. ಈ ಹಂಬಲವನ್ನು ಶಾಸ್ತ್ರವಾಗಿ ಬೆಳೆಸಿದವರಲ್ಲಿ ಜೈನ ಗ್ರಂಥಕಾರರು ಮುಂಚೂಣಿಯಲ್ಲಿದ್ದರು. ಆ ಶಾಸ್ತ್ರವು ಏನನ್ನು ಕೊಡುತ್ತೇನೆಂದಿತು, ಏನನ್ನು ಕೊಡಲಾರೆನೆಂದಿತು ಎಂಬುದನ್ನು ಬೇರ್ಪಡಿಸಿ ನೋಡಿದವರು ವಿರಳ.

ಅಂತರಿಕ್ಷ, ಭೌಮ, ಅಂಗ, ಸ್ವರ, ವ್ಯಂಜನ, ಲಕ್ಷಣ, ಛಿನ್ನ, ಸ್ವಪ್ನ ಎಂಬ ಎಂಟು ಅಂಗಗಳುಳ್ಳದ್ದು ಮಹಾನಿಮಿತ್ತ. ಇದರ ಅತ್ಯಂತ ಪ್ರಸಿದ್ಧ ಪ್ರಯೋಗವನ್ನು ಹೇಳುವುದು ಶ್ರವಣಬೆಳಗೊಳದ ಚಂದ್ರಗಿರಿಯ ಮೇಲಿರುವ, ಸುಮಾರು ಕ್ರಿ.ಶ. 600ರ ಶಿಲಾಶಾಸನ. ಉಜ್ಜಯಿನಿಯಲ್ಲಿ ಭದ್ರಬಾಹುಸ್ವಾಮಿಗಳು ಹನ್ನೆರಡು ವರ್ಷಗಳ ವಿಷಮಕಾಲವನ್ನು ಅಷ್ಟಾಂಗನಿಮಿತ್ತದಿಂದ ತಿಳಿದು ನುಡಿದರು; ಸಂಘವೆಲ್ಲ ಉತ್ತರಾಪಥದಿಂದ ದಕ್ಷಿಣಾಪಥಕ್ಕೆ ಹೊರಟಿತು. ಇವರು ಶ್ರುತಕೇವಲಿ ಭದ್ರಬಾಹುಗಳೇ, ಅದೇ ಹೆಸರಿನ ಮತ್ತೊಬ್ಬರೇ ಎಂಬ ಚರ್ಚೆ ವಿದ್ವಾಂಸರಲ್ಲಿ ಇದ್ದೇ ಇದೆ. 931ರ ಹರಿಷೇಣನ ಬೃಹತ್ಕಥಾಕೋಶದಲ್ಲಿ ಭದ್ರಬಾಹುಗಳು ಉತ್ತರದಲ್ಲೇ ಉಳಿಯುತ್ತಾರೆ, ಸಂಘ ಮಾತ್ರ ಪುನ್ನಾಟಕ್ಕೆ ಬರುತ್ತದೆ. ಪಾಠಗಳು ಎಷ್ಟೇ ಬೇರೆಯಾದರೂ ಒಂದಂಶದಲ್ಲಿ ಒಮ್ಮತವಿದೆ: ತ್ರಿಕಾಲದರ್ಶಿಗಳಾದ ಆ ಮಹನೀಯರು ಕ್ಷಾಮವನ್ನು ನಿಲ್ಲಿಸಲಿಲ್ಲ, ನಿಲ್ಲಿಸಲು ಯತ್ನಿಸಲೂ ಇಲ್ಲ. ಹೋಮವಿಲ್ಲ, ಯಂತ್ರವಿಲ್ಲ, ಇದ್ದದ್ದು ನಡಿಗೆ ಮಾತ್ರ.

ಹನ್ನೊಂದನೆಯ ಶತಮಾನದ ದುರ್ಗದೇವನಲ್ಲಿ ಈ ಶಾಸ್ತ್ರದ ಎರಡು ಮುಖಗಳೂ ಒಟ್ಟಿಗೆ ಕಾಣುತ್ತವೆ. 1032ರಲ್ಲಿ ಪ್ರಾಕೃತದಲ್ಲಿ ರಚಿತವಾದ ಆತನ ರಿಷ್ಟಸಮುಚ್ಚಯವು ಮರಣಸೂಚಕ ಚಿಹ್ನೆಗಳ ಗ್ರಂಥ. ಮರಣವನ್ನು ದೂಡುವುದು ಅದರ ಉದ್ದೇಶವಲ್ಲ, ಸಲ್ಲೇಖನಕ್ಕೆ ಸಕಾಲದಲ್ಲಿ ಸಿದ್ಧನಾಗುವುದು. ಅದೇ ಲೇಖನಿಯಿಂದ ಅರ್ಘಕಾಂಡವೆಂಬ, ಪದಾರ್ಥಗಳ ಬೆಲೆಯ ಏರಿಳಿತವನ್ನು ಮುನ್ನರಿಯುವ ಗ್ರಂಥವೂ ಹೊರಟಿತು. ಒಂದು ದೇಹವನ್ನೂ ಬಿಡಲು ಕಲಿಸಿದರೆ ಇನ್ನೊಂದು ಸರಕನ್ನು ಯಾವಾಗ ಬಿಡಬೇಕೆಂದು ಕಲಿಸುತ್ತದೆ! ಬರಗಾಲ ಬರುವುದೆಂದು ಮೊದಲೇ ತಿಳಿದ ವರ್ತಕನು ಮಳಿಗೆಯ ಬಾಗಿಲು ಮುಚ್ಚುವನೋ ತೆರೆಯುವನೋ ಎಂಬ ಪ್ರಶ್ನೆಯನ್ನು ಅಪರಿಗ್ರಹವ್ರತಕ್ಕೆ ಒಡ್ಡಬೇಕೇ ಹೊರತು ನಿಮಿತ್ತಶಾಸ್ತ್ರಕ್ಕಲ್ಲ.

ಕನ್ನಡದಲ್ಲಿ ಈ ಪರಂಪರೆಯ ಮುಖ್ಯ ಕೃತಿ ಸುಮಾರು 1300ರ ರಟ್ಟಕವಿಯ ರಟ್ಟಮತ. ಮಳೆ, ಮಿಂಚು, ಭೂಕಂಪ, ಗ್ರಹಚಾರ, ಶಕುನಗಳನ್ನು ಕುರಿತ ಈ ಜೈನ ಕೃತಿ ಹದಿನಾಲ್ಕನೆಯ ಶತಮಾನದಲ್ಲೇ ತೆಲುಗಿಗೂ ಹೋಯಿತು. ಪುರಾಣಕಾವ್ಯಗಳಿಗೆ ಸಂದ ಗೌರವದಲ್ಲಿ ಒಂದಂಶವೂ ಇದಕ್ಕೆ ಸಲ್ಲಲಿಲ್ಲ, ಇದು ಅನ್ಯಾಯ. ಆಕಾಶವನ್ನೂ ನೆಲವನ್ನೂ ಕಣ್ಣಿಟ್ಟು ನೋಡಬೇಕೆಂಬ ಹಟವೇ ಇಂತಹ ಗ್ರಂಥಗಳ ಶಕ್ತಿ. ದೌರ್ಬಲ್ಯವನ್ನು ಮಾತ್ರ ಲೆಕ್ಕ ಬರೆಯಬಲ್ಲವರು ಬೇಗ ಗುರುತಿಸುತ್ತಾರೆ. ಜಮಾ ಪುಟವಿದೆ, ಖರ್ಚಿನ ಪುಟವಿಲ್ಲ. ಈ ಚಿಹ್ನೆಗೆ ಈ ಫಲ ಎನ್ನಲಾಗುತ್ತದೆ. ಚಿಹ್ನೆ ಕಂಡೂ ಫಲ ಕಾಣದ ವರ್ಷಗಳೆಷ್ಟೆಂದು ಬರೆದಿಡುವ ಪದ್ಧತಿಯೇ ಬೆಳೆಯಲಿಲ್ಲ. ಭದ್ರಬಾಹುಗಳ ಹೆಸರನ್ನು ಹೊತ್ತ ಭದ್ರಬಾಹುಸಂಹಿತೆಯನ್ನು ಪಂಡಿತ ಜುಗಲಕಿಶೋರ ಮುಖ್ತಾರರು ಪರೀಕ್ಷಿಸಿ, ಅದು ಶ್ರುತಕೇವಲಿಗಳ ಕೃತಿಯಲ್ಲವೆಂದು ತೋರಿಸಿದರು. ದೊಡ್ಡವರ ಹೆಸರಿಗೆ ಬೆರಗಾಗಿ ಪರೀಕ್ಷೆಯನ್ನು ಬಿಡಬಾರದೆಂಬ ಈ ನಿಷ್ಠುರತೆ ಶ್ಲಾಘ್ಯ.

ಇನ್ನು ನಿವಾರಣೆಯ ಮಾತು. ಮಾನ್ಯಖೇಟದಲ್ಲಿ 939ರಲ್ಲಿ ಇಂದ್ರನಂದಿ ರಚಿಸಿದ ಜ್ವಾಲಾಮಾಲಿನೀಕಲ್ಪ, ಹನ್ನೊಂದನೆಯ ಶತಮಾನದ ಮಲ್ಲಿಷೇಣನ ಭೈರವಪದ್ಮಾವತೀಕಲ್ಪ ಮೊದಲಾದ ಮಂತ್ರಗ್ರಂಥಗಳು ಜೈನರಲ್ಲಿಯೂ ಹುಟ್ಟಿದವು. ಇದನ್ನು ಮರೆಮಾಚುವುದು ಪ್ರಾಮಾಣಿಕತೆಯಲ್ಲ. ಆದರೆ ವಟ್ಟಕೇರರ ಮೂಲಾಚಾರವು ಮುನಿಗಳ ಆಹಾರಗ್ರಹಣದ ಉತ್ಪಾದನದೋಷಗಳನ್ನು ಎಣಿಸುವಾಗ ನಿಮಿತ್ತ, ವಿದ್ಯೆ, ಮಂತ್ರ ಮೂರನ್ನೂ ಸೇರಿಸಿದೆ. ಭವಿಷ್ಯ ಹೇಳಿ ಪಡೆದ ಅನ್ನ ಶುದ್ಧವಲ್ಲ. ತಿಳಿವಳಿಕೆ ತಪ್ಪಲ್ಲ, ಅದರಿಂದ ಹೊಟ್ಟೆ ಹೊರೆಯುವುದು ತಪ್ಪು.

ಕರ್ಮಸಿದ್ಧಾಂತವು ವಿಧಿವಾದವೆಂದು ಭಾವಿಸಿದವರು ನಿವಾರಣೆಯನ್ನು ಪೂರ್ತಿ ಅಲ್ಲಗಳೆಯುತ್ತಾರೆ. ಅದೂ ಸರಿಯಲ್ಲ. ಕರ್ಮದ ಸ್ಥಿತಿಯನ್ನೂ ಅನುಭಾಗವನ್ನೂ ಕುಗ್ಗಿಸುವ ಅಪಕರ್ಷಣ, ಒಂದು ಪ್ರಕೃತಿ ಇನ್ನೊಂದಾಗಿ ಮಾರ್ಪಡುವ ಸಂಕ್ರಮಣ ಇವನ್ನು ಸಿದ್ಧಾಂತವೇ ಒಪ್ಪಿದೆ. ಆದರೆ ಈ ಬದಲಾವಣೆ ಆಯಾ ಜೀವದ ಸ್ವಂತ ಪರಿಣಾಮಗಳಿಂದ ಆಗುವಂಥದು. ಒಬ್ಬರ ನಿರ್ಜರೆಯನ್ನು ಇನ್ನೊಬ್ಬರು ರಸೀದಿ ಹರಿದು ಮಾಡಿಕೊಡಲಾಗದು. ಬಸದಿಯ ಆಡಳಿತದವರು ಮಳೆಗಾಗಿ ಶಾಂತಿವಿಧಾನವನ್ನು ನಡೆಸಬಯಸಿದರೆ ಭಕ್ತಿಯಿಂದ ನಡೆಸಲಿ. ಅದರ ಕರಪತ್ರದಲ್ಲಿ ಫಲವನ್ನು ಖಚಿತಪಡಿಸಿ ಮುದ್ರಿಸುವುದು ಸತ್ಯವ್ರತಕ್ಕೆ ಹೊಂದುವುದಿಲ್ಲ.

ಚಂದ್ರಗಿರಿಯ ಶಾಸನಕ್ಕೆ ಮತ್ತೆ ಬಂದರೆ, ಸಾಮಾನ್ಯವಾಗಿ ಓದುಗರ ಕಣ್ಣು ತಪ್ಪುವ ಒಂದು ವರ್ಣನೆ ಅಲ್ಲಿದೆ. ಸಂಘವು ಕ್ರಮವಾಗಿ ಬಂದು ತಲುಪಿದ್ದು ನೂರಾರು ಗ್ರಾಮಗಳ, ಸಂತುಷ್ಟ ಜನರ, ಧನಧಾನ್ಯಗಳ, ಹಸು ಎಮ್ಮೆ ಆಡು ಕುರಿಗಳಿಂದ ತುಂಬಿದ ನಾಡನ್ನು. ಅಲ್ಲಿ ಆಯುಷ್ಯವು ಸ್ವಲ್ಪವೇ ಉಳಿದಿದೆಯೆಂದು ತಿಳಿದ ಪ್ರಭಾಚಂದ್ರರು ಸಂಘವನ್ನು ಮುಂದೆ ಕಳುಹಿಸಿ, ಒಬ್ಬ ಶಿಷ್ಯನೊಡನೆ ಕಟವಪ್ರದಲ್ಲಿ ಸಮಾಧಿಯನ್ನು ಆರಾಧಿಸಿದರು. ಉಜ್ಜಯಿನಿಯ ಮುನ್ನರಿವು ಸಾರ್ಥಕವಾದದ್ದು ಈ ನಾಡಿನ ಕಣಜದಲ್ಲಿ ಧಾನ್ಯವಿತ್ತು, ಬಾಗಿಲು ತೆರೆದಿತ್ತು ಎಂಬುದರಿಂದ. ಬಂದ ಮುನಿಗಳಿಗೆ ಆಹಾರದಾನವಿತ್ತ ಗೃಹಸ್ಥರ ಹೆಸರು ಮಾತ್ರ ಆ ಕಲ್ಲಿನ ಮೇಲಿಲ್ಲ.