ಒಂದು ಸೂರಿನಡಿಯ ಇಬ್ಬರು

ಪಾಯಲ್ ಕಪಾಡಿಯಾ ನಿರ್ದೇಶನದ ‘ಆಲ್ ವಿ ಇಮ್ಯಾಜಿನ್ ಆಸ್ ಲೈಟ್’ ಚಲನಚಿತ್ರವು 2024ರ ಕಾನ್ ಚಿತ್ರೋತ್ಸವದಲ್ಲಿ ಗ್ರ್ಯಾಂಡ್ ಪ್ರೀ ಪ್ರಶಸ್ತಿಯನ್ನು ಪಡೆಯಿತು. ಪ್ರಶಸ್ತಿಯ ಸಂಭ್ರಮವನ್ನು ಬದಿಗಿಟ್ಟು ನೋಡಿದರೂ ಈ ಚಿತ್ರವು ವಿಚಾರಾರ್ಹವಾದುದು. ಒಬ್ಬರ ಸ್ವಾತಂತ್ರ್ಯಕ್ಕೆ ಮತ್ತೊಬ್ಬರು ಎಡೆ ಮಾಡಿಕೊಡುವುದೆಂದರೇನು ಎಂಬ ನೀತಿಪ್ರಶ್ನೆ ಇದರ ಒಡಲಲ್ಲಿದೆ.

ಕೇರಳದಿಂದ ಬಂದ ಪ್ರಭಾ ಮತ್ತು ಅನು ಮುಂಬಯಿಯ ಒಂದೇ ಆಸ್ಪತ್ರೆಯ ದಾದಿಯರು; ಒಂದೇ ಇಕ್ಕಟ್ಟಾದ ಬಾಡಿಗೆ ಮನೆಯಲ್ಲಿ ವಾಸಿಸುವವರು. ಹಿರಿಯಳಾದ ಪ್ರಭಾಳ ಪತಿ ಜರ್ಮನಿಯಲ್ಲಿದ್ದಾನೆ. ಅವನ ಕರೆ ಬಂದು ವರ್ಷ ಕಳೆದಿದೆ. ಒಂದು ದಿನ ಆ ದೇಶದಲ್ಲಿ ತಯಾರಾದ ಅನ್ನದ ಕುಕ್ಕರ್ ಒಂದು ಮನೆಗೆ ಬರುತ್ತದೆ. ಜೊತೆಗೆ ಒಂದು ಸಾಲಿನ ಪತ್ರವೂ ಇಲ್ಲ. ಕಿರಿಯಳಾದ ಅನು ಶಿಯಾಜ್ ಎಂಬ ಮುಸ್ಲಿಂ ತರುಣನನ್ನು ಪ್ರೀತಿಸುತ್ತಿದ್ದಾಳೆ. ತಿಂಗಳ ಬಾಡಿಗೆಯ ತನ್ನ ಪಾಲನ್ನು ಕೊಡಲು ಅವಳ ಕೈಯಲ್ಲಿ ಹಣ ಸಾಲದು.

ಆಸ್ಪತ್ರೆಯಲ್ಲಿ ಎದ್ದ ಗುಸುಗುಸು ಕಿವಿಗೆ ಬಿದ್ದಾಗ ಪ್ರಭಾ ಅನುವಿನ ಶೀಲವನ್ನೇ ಹಳಿಯುವ ಕಟುನುಡಿಯನ್ನಾಡುತ್ತಾಳೆ. ಇದು ಚಿತ್ರದ ಮರ್ಮಸ್ಥಾನ. ನಾವು ಧರ್ಮಬುದ್ಧಿಯೆಂದು ತಿಳಿಯುವ ನಿಂದೆಯಲ್ಲಿ ಎಷ್ಟೋ ವೇಳೆ ನಮ್ಮ ಸ್ವಂತ ನೋವೇ ಅಡಗಿರುತ್ತದೆ. ಕಾಯುವುದರಲ್ಲಿಯೇ ಯೌವನವನ್ನು ಸವೆಸಿದವಳಿಗೆ, ಕಾಯಲೊಲ್ಲದವಳನ್ನು ಕಂಡು ಸಹಿಸಲಾಗುವುದಿಲ್ಲ.

ಅದೇ ಆಸ್ಪತ್ರೆಯಲ್ಲಿ ಅಡುಗೆ ಮಾಡುವ ವಿಧವೆ ಪಾರ್ವತಿಯ ಕಥೆ ಪ್ರೇಮದ್ದಲ್ಲ, ನೆಲೆಯದು. ಹಲವು ವರ್ಷ ಬಾಳಿದ ಮನೆಯನ್ನು ಕಟ್ಟಡದ ಗುತ್ತಿಗೆದಾರರು ತೆರವು ಮಾಡಿಸುವಾಗ ಅವಳ ಬಳಿ ಹಕ್ಕನ್ನು ಸಾರುವ ಒಂದು ಕಾಗದವೂ ಇಲ್ಲ. ದುಡಿದು ತಿಂದ ಮಾತ್ರಕ್ಕೆ ಹೆಣ್ಣು ಸ್ವತಂತ್ರಳಾಗಲಾರಳೆಂಬುದನ್ನು ನಿರ್ದೇಶಕಿ ಇಲ್ಲಿ ಉಪದೇಶವಿಲ್ಲದೆ ತಿಳಿಸಿದ್ದಾರೆ.

ಚಿತ್ರಕ್ಕೆ ಒಂದು ಕೊರತೆಯೂ ಉಂಟು. ಅನುವಿನ ತಂದೆತಾಯಿಗಳು ದೂರವಾಣಿಯಲ್ಲಿ ವರಗಳ ಭಾವಚಿತ್ರ ಕಳುಹಿಸುವವರಾಗಿಯೇ ಉಳಿಯುತ್ತಾರೆ. ಅವರ ಅಂಜಿಕೆ ತಪ್ಪಾಗಿರಬಹುದು. ಆದರೆ ಅದನ್ನು ಆಲಿಸದೆ ಬಿಟ್ಟದ್ದರಿಂದ ಮುಂದೆ ಬರಲಿರುವ ಸಂಘರ್ಷದ ಭಾರ ಪ್ರೇಕ್ಷಕನಿಗೆ ಪೂರ್ತಿಯಾಗಿ ತಟ್ಟುವುದಿಲ್ಲ.

ಮೂವರೂ ರತ್ನಾಗಿರಿಯ ಕಡಲತಡಿಯಲ್ಲಿರುವ ಪಾರ್ವತಿಯ ಊರಿಗೆ ಹೋದ ಮೇಲೆ ಪ್ರಭಾಳ ಮನಸ್ಸು ಪರಿಪಕ್ವವಾಗುತ್ತದೆ. ಬಾರದ ಪತಿಯನ್ನು ಅವಳು ಮನಸ್ಸಿನಲ್ಲಿಯೇ ಬೀಳ್ಕೊಡುತ್ತಾಳೆ. ಅನಂತರ, ಗುಟ್ಟಾಗಿ ಬಂದಿದ್ದ ಶಿಯಾಜನನ್ನು ಕರೆಯುವಂತೆ ತಾನಾಗಿಯೇ ಅನುವಿಗೆ ಹೇಳುತ್ತಾಳೆ. ಅವಳು ಆ ಪ್ರೇಮವನ್ನು ಸರಿಯೆಂದು ತೀರ್ಪು ಕೊಡುವುದಿಲ್ಲ. ತೀರ್ಪು ಕೊಡುವ ಪೀಠದಿಂದ ಇಳಿದು ಬಂದು ಜೊತೆಯಲ್ಲಿ ಕೂರುತ್ತಾಳೆ. ಕಿರಿಯರ ನಡತೆಯನ್ನು ಕುರಿತು ಬೇಗನೆ ಮಾತನಾಡುವ ಹಿರಿಯರು ಈ ಒಂದು ದೃಶ್ಯವನ್ನಾದರೂ ಸಾವಧಾನವಾಗಿ ನೋಡಬೇಕು.